ನಿಂಬೆವ್ವನ ಕೀಲಿಹಾಳೆ

ನಿಂಬೆವ್ವ ಲಿಂಗೈಕ್ಯಳಾಗಿ ಎಂಟು ತಿಂಗಳು ತುಂಬಿದ ಸೋಮವಾರ ಬೆಳಿಗ್ಗೆ, ಆಕೆಯೊಂದಿಗೆ ರೊಟ್ಟಿ ಬಡಿಯುತ್ತಿದ್ದ ಫಕೀರವ್ವ ಬಂದು ಹೊಸ್ತಿಲ ಹೊರಗೇ ಕುಳಿತಳು. ಒಳಗೆ ಬಾ ಎಂದರೂ ಬರಲಿಲ್ಲ. ಅಲ್ಲಿಯೇ ಮೊಣಕಾಲು ನೀವಿಕೊಂಡಳು.

"ಯಜಮಾನ್ರ, ಅಕ್ಕಾರ ಕೀಲಿಹಾಳಿ ಕೇಳಾಕ ಬಂದೇನ್ರಿ," ಎಂದಳು. "ನನಗ ನಾಚಿಕಿ ಆಗ್ತೈತಿ. ಆದ್ರ ಎಲ್ಲಾರೂ ನನ್ನ ಮುಂದ ಮಾಡಿ ಕಳಿಸ್ಯಾರ. ನೀ ದೊಡ್ಡ ಬಾಯಿಯಾಕಿ, ನೀನ ಹೋಗು ಅಂದ್ರು."

"ನಾಚಿಕಿ ಯಾತಕ್ಕ? ಅದು ನಿಮ್ಮದ. ತಡಿ, ತರ್ತೀನಿ," ಎಂದು ನಿಂಬೆವ್ವನ ಗಂಡ ಈರಬಸಪ್ಪನವರು ಒಳಗೆ ಹೋದರು.

ಧಾರವಾಡದ ಆ ಓಣಿಯಲ್ಲಿ ನಿಂಬೆವ್ವನ ರೊಟ್ಟಿ ಕೇಂದ್ರವನ್ನು ಅರಿಯದವರಿರಲಿಲ್ಲ. ಆಕೆ ಮತ್ತು ಹನ್ನೊಂದು ಹೆಂಗಸರು ಇಪ್ಪತ್ತೊಂದು ವರ್ಷ ಒಂದೇ ಸೂರಿನಡಿ ಜೋಳದ ರೊಟ್ಟಿ ಬಡಿದಿದ್ದರು. ದಿನದ ಗಳಿಕೆಯಲ್ಲಿ ಒಂದು ಪಾಲನ್ನು ತೆಗೆದು ಕ್ರಿಪ್ಟೊ ನಾಣ್ಯವಾಗಿ ಕೂಡಿಡುವುದು, ಕೈ ಸೋತ ಮೇಲೆ ಎಲ್ಲರೂ ಸಮನಾಗಿ ಹಂಚಿಕೊಳ್ಳುವುದು ಎಂದು ಮಾತಾಗಿತ್ತು. ಆ ಕಾಲಕ್ಕೆ ಬಡವರ ಗಂಟೆಲ್ಲ ಹಾಗೆಯೇ ಇರುತ್ತಿತ್ತು. ಆ ಗಂಟಿಗೆ ಬ್ಯಾಂಕಿಲ್ಲ, ಸಾಹೇಬನಿಲ್ಲ, ಅರ್ಜಿಯಿಲ್ಲ. ಎರಡು ಸಾವಿರದ ನಲವತ್ತೆಂಟು ಸಾದಾ ಕನ್ನಡ ಮಾತುಗಳ ಒಂದು ಪಟ್ಟಿಯಿದೆ. ಗಂಟು ಕಟ್ಟುವಾಗ ಅದರಿಂದ ಗಣಕಯಂತ್ರವು ಇಪ್ಪತ್ನಾಲ್ಕು ಮಾತುಗಳನ್ನು ತನ್ನ ಮನಸ್ಸಿಗೆ ಬಂದಂತೆ ಆರಿಸಿ ಒಮ್ಮೆ ತೋರಿಸುತ್ತದೆ, ಆಮೇಲೆ ತಾನೇ ಮರೆತುಬಿಡುತ್ತದೆ. ಆ ಮಾತುಗಳೇ ಕೀಲಿ, ಅವು ಯಾರ ಬಳಿ ಇವೆಯೋ ಗಂಟು ಅವರದು. ಯಾರ ಬಳಿಯೂ ಇಲ್ಲದಿದ್ದರೆ ಯಾರದೂ ಅಲ್ಲ.

ಅಂತರ್ಜಾಲಕ್ಕೆ ಸೇರಿದ ಯಂತ್ರದಲ್ಲಿ ಆ ಮಾತುಗಳನ್ನು ಇಡುವುದೆಂದರೆ ಬಾಗಿಲು ತೆರೆದಿಟ್ಟು ಸಂತೆಗೆ ಹೋದ ಹಾಗೆ. ಅಚ್ಚು ಹಾಕಿಸಿದರೆ ಅಚ್ಚಿನ ಯಂತ್ರವೂ ನೆನಪಿಟ್ಟುಕೊಳ್ಳುತ್ತದೆ. ಹೀಗೆ ಸುತ್ತಿ ಬಳಸಿ ಲೋಕವೆಲ್ಲ ಮತ್ತೆ ಕಾಗದಕ್ಕೆ ಬಂದು ನಿಂತಿತ್ತು. ಕೀಲಿಹಾಳೆಯೆಂದರೆ ಆ ಕಾಗದವೇ: ಕೈಯಿಂದ ಬರೆಯಬೇಕು, ಎರಡು ಪ್ರತಿ ಮಾಡಬೇಕು, ಒಂದಿದ್ದಲ್ಲಿ ಇನ್ನೊಂದು ಇರಬಾರದು. ಇದು ಓದಲು ಬಾರದವರಿಗೂ ಗೊತ್ತಿದ್ದ ನೇಮ.

ಈರಬಸಪ್ಪನವರು ಕಬ್ಬಿಣದ ಟ್ರಂಕಿನ ತಳದಿಂದ ಲಕೋಟೆಯನ್ನು ತೆಗೆದರು. ಅವರು ಮೂವತ್ತು ವರ್ಷ ಕಾಗದ ಪರೀಕ್ಷಾಲಯದಲ್ಲಿ ದುಡಿದವರು. ಹಳೆಯ ಕಾಗದವನ್ನು ಬರಿಗೈಯಿಂದ ಎತ್ತಬಾರದು, ಅಡಿಗೆ ಹಲಗೆ ಕೊಟ್ಟು ಎತ್ತಬೇಕು ಎಂದು ಎಷ್ಟೋ ಜನರಿಗೆ ಕಲಿಸಿದವರು. ಆದರೆ ಹೊಸ್ತಿಲಲ್ಲಿ ಹೆಣ್ಣುಮಗಳು ಕಾಯುತ್ತಿದ್ದಾಳೆಂಬ ಅವಸರದಲ್ಲಿ ಎರಡು ಬೆರಳಿನಿಂದ ಎಳೆದುಬಿಟ್ಟರು.

ಮೇಲಿನ ಭಾಗ ಕೈಗೆ ಬಂತು. ಅಲ್ಲಿ ಅಕ್ಷರಗಳಿರಲಿಲ್ಲ, ಅಕ್ಷರಗಳ ಆಕಾರದ ತೂತುಗಳಿದ್ದವು. ಬೆಳಕಿಗೆ ಹಿಡಿದರೆ ಹದಿನೈದು ಮಾತುಗಳನ್ನು ಓದಬಹುದಾಗಿತ್ತು. ಕೆಳಗಿನ ಭಾಗ ಒಣಗಿದ ಎಲೆಯಂತೆ ಮುರಿದು, ಲಕೋಟೆಯೊಳಗೇ ಕಂದು ಪುಡಿಯಾಯಿತು.

ಫಕೀರವ್ವ ಬಾಗಿಲಿಂದ ಬಗ್ಗಿ ನೋಡಿದಳು. "ಹುಳಾ ಹತ್ತಿತ್ತೇನ್ರಿ?"

"ಹುಳ ಅಲ್ಲವಾ," ಎಂದರು ಅವರು. "ಇದು ನಾನ ಮಾಡಿದ್ದು."

*

ಅದು ಹೇಗೆಂದರೆ, ಇಪ್ಪತ್ತೆರಡು ವರ್ಷಗಳ ಹಿಂದೆ ಕೀಲಿಹಾಳೆಗೆ ಯಾವ ಕಾಗದ ಯೋಗ್ಯ ಎಂದು ಹೇಳುವ ಕೆಲಸ ಅವರ ಪಾಲಿಗೆ ಬಂದಿತ್ತು. ಅವರು ಕಾಗದವನ್ನು, ವರ್ಷಗಳ ಮುಪ್ಪನ್ನು ದಿನಗಳಲ್ಲಿ ತರುವ ಬಿಸಿ ಪೆಟ್ಟಿಗೆಯಲ್ಲಿಟ್ಟು ಬೇಯಿಸಿ, ಇನ್ನೂರು ವರ್ಷ ಬಾಳುತ್ತದೆ ಎಂದು ಸಹಿ ಹಾಕಿದರು. ಶಾಯಿಯ ಪರೀಕ್ಷೆ ಪಕ್ಕದ ಕೋಣೆಯವರದು. ಅಳಲೆಕಾಯಿಯ ಕಷಾಯಕ್ಕೆ ಅನ್ನಭೇದಿ ಎಂಬ ಕಬ್ಬಿಣದ ಉಪ್ಪನ್ನು ಕೂಡಿಸಿ ಮಾಡುವ ಹಳೆಯ ಕರಿ ಶಾಯಿ ನೀರಿಗೆ ಅಳಿಯುವುದಿಲ್ಲ, ಬಿಸಿಲಿಗೆ ಮಾಸುವುದಿಲ್ಲ ಎಂದು ಅವರೂ ಸಹಿ ಹಾಕಿದರು. ಎರಡೂ ನಿಜವೇ ಆಗಿತ್ತು. ಆದರೆ ಅನ್ನಭೇದಿಯ ಕಬ್ಬಿಣದೊಂದಿಗೆ ಹುಳಿಯೂ ಇರುತ್ತದೆ. ಶಾಯಿ ಹರಡದಂತೆ ಕಾಗದಕ್ಕೆ ಹಾಕಿದ ಪಟಿಕದಲ್ಲಿಯೂ ಹುಳಿ ಇರುತ್ತದೆ. ಎರಡು ಹುಳಿ ಒಂದಾಗಿ ಇಪ್ಪತ್ತು ವರ್ಷ ಕೂತರೆ ಶಾಯಿಯೇ ಕಾಗದವನ್ನು ತಿನ್ನುತ್ತದೆ.

ಪರೀಕ್ಷಾಲಯದ ಈಗಿನ ಮುಖ್ಯಸ್ಥೆ ಜೈನಬ್ ನದಾಫ ಈರಬಸಪ್ಪನವರ ಕೈಯಲ್ಲೇ ಕಲಿತವಳು. ಅವರು ತಂದ ಪುಡಿಯನ್ನು ಗಾಜಿನ ಮೇಲೆ ಹರಡಿ, ದೀಪ ಬದಲಿಸಿ ಬದಲಿಸಿ ಮೂರು ದಿನ ನೋಡಿದಳು.

"ಕೂಡಸಾಕ ಆಗೂದಿಲ್ರಿ ಸರ. ನೀವು ಕಾಗದ ನೋಡಿದ್ರಿ, ಅವರು ಶಾಯಿ ನೋಡಿದ್ರು. ಹುಡುಗನೂ ಛಲೋ, ಹುಡುಗಿನೂ ಛಲೋ ಅಂತ ಬ್ಯಾರೆಬ್ಯಾರೆ ಕೇಳಿ ಲಗ್ನಾ ಮಾಡಿದಂಗಾತು. ಸಂಸಾರ ಹೆಂಗ ನಡೀತೈತಿ ಅಂತ ಯಾರೂ ನೋಡಲಿಲ್ಲ."

ಆಕೆ ಗಾಜಿನ ಮೇಲೆ ಮುಚ್ಚಳ ಇಟ್ಟಳು. "ನಿಮ್ಮ ಒಬ್ಬರದ ಅಲ್ರಿ. ಈ ತಿಂಗಳೊಳಗ ನಲವತ್ತು ಮಂದಿ ಬಂದಾರ. ನಿನ್ನೆ ಒಬ್ಬಾತ ಹಾಳಿ ಬಿಚ್ಚಿದ ಕೂಡಲೇ ಸೀನಿದ. ಎಲ್ಲಾ ಹಾರಿಹೋತು. ಅಲ್ಲೇ ಕುಂತು ಅತ್ತ."

"ಒಂಬತ್ತು ಮಾತು ಹೋಗ್ಯಾವು. ಯಂತ್ರ ಹಚ್ಚಿ ಹುಡುಕಿದರ?" ಎಂದರು ಈರಬಸಪ್ಪನವರು.

"ನಾಲ್ಕು ಹೋಗಿದ್ರ ಒಂದ ದಿನದಾಗ ಹುಡುಕಬಹುದು. ಐದು ಹೋಗಿದ್ರ ಐದೂವರೆ ವರ್ಷ. ಆರು ಹೋಗಿದ್ರ ಹನ್ನೊಂದು ಸಾವಿರ ವರ್ಷ ಬೇಕು. ಒಂಬತ್ತರ ಲೆಕ್ಕ ನಾ ಹೇಳೂದಿಲ್ರಿ." ಆಮೇಲೆ ಮೆಲ್ಲಗೆ ಕೇಳಿದಳು, "ಎರಡನೇ ಪ್ರತಿ ಎಲ್ಲೈತ್ರಿ ಸರ? ನಿಂಬೆವ್ವ ಬಾಯಾರು ನೇಮ ತಪ್ಪಿಸೋ ಪೈಕಿ ಅಲ್ಲ."

*

ಆ ಪ್ರಶ್ನೆಯನ್ನು ಹೊತ್ತುಕೊಂಡು ಅವರು ಮನೆಗೆ ಬಂದರು. ಬೇಳೆಯ ಡಬ್ಬಿಗಳನ್ನು ಬರಿದು ಮಾಡಿದರು. ಸೀರೆಗಳ ಮಡಿಕೆ ಬಿಚ್ಚಿದರು, ಮತ್ತೆ ಹಾಗೆಯೇ ಮಡಚಲು ಬಾರದೆ ಸೋತರು. ರೊಟ್ಟಿ ಬಡಿಯುವ ಕಲ್ಲನ್ನು ಎತ್ತಿ ನೋಡಿದರು. ಎಂಟು ತಿಂಗಳಲ್ಲಿ ಆ ಮನೆಯಲ್ಲಿ ಆದ ದೊಡ್ಡ ಸದ್ದೆಂದರೆ ಅದೇ. ಮಕ್ಕಳಿರಲಿಲ್ಲ. ಇಬ್ಬರೇ ಇದ್ದ ಮನೆಯಲ್ಲಿ ಒಬ್ಬರು ಹೋದರೆ ಉಳಿದವರು ಮಾತನಾಡುವುದನ್ನೇ ಮರೆಯುತ್ತಾರೆ. ಲಿಂಗಪೂಜೆಯ ಹೊತ್ತಿನಲ್ಲಿ ಬಾಯಿಂದ ಮಂತ್ರ ಬರುವುದೊಂದೇ, ಅದೂ ತಮ್ಮ ದನಿಯೇ ತಮಗೆ ಪರಕೀಯವಾಗಿ ಕೇಳುತ್ತಿತ್ತು.

ಸಂಜೆ ಪೂಜೆಗೆ ಕುಳಿತಾಗ, ಪಕ್ಕದಲ್ಲಿ ಖಾಲಿಯಿದ್ದ ಆಕೆಯ ಮಣೆಯ ಕಡೆಗೆ ಕಣ್ಣು ಹೋಯಿತು. ಹಿಂದೆಂದೋ ಅವರು ಕೇಳಿದ್ದರು, ಇನ್ನೊಂದು ಹಾಳೆ ಎಲ್ಲಿಟ್ಟಿದ್ದೀ ಎಂದು. ವಿಭೂತಿ ಹಚ್ಚಿಕೊಳ್ಳುತ್ತಿದ್ದ ಆಕೆ ತಿರುಗದೆಯೇ ಹೇಳಿದ್ದಳು: "ನನ್ನ ಸಂಗಾಟ ಐತಿ. ನೀವು ಕಾಳಜಿ ಮಾಡಬ್ಯಾಡ್ರಿ."

ಆಗ ಅವರು ಅದನ್ನು ಚೇಷ್ಟೆಯೆಂದುಕೊಂಡಿದ್ದರು. ಇನ್ನೊಂದು ದಿನ ಕಂಡಿದ್ದೂ ನೆನಪಾಯಿತು. ಆಕೆ ಲಿಂಗವಸ್ತ್ರವನ್ನು ಬಿಚ್ಚಿದಾಗ ಅದರ ಮಡಿಕೆಯಲ್ಲಿ ನಾಲ್ಕಾಗಿ ಮಡಚಿದ ಒಂದು ಕಾಗದವಿತ್ತು. ಪೂಜೆ ಮುಗಿಸಿ, ಬೆರಳಲ್ಲಿ ಉಳಿದ ವಿಭೂತಿಯನ್ನು ಆ ಕಾಗದದ ಎರಡೂ ಮೈಗೆ ಸವರಿ ಮತ್ತೆ ಒಳಗಿಟ್ಟಿದ್ದಳು. "ಪರೀಕ್ಷಾ ಮಾಡಿದ ಕಾಗದಕ್ಕ ಬೂದಿ ಬಳೀತೀಯಲ್ಲ," ಎಂದು ಅವರು ನಕ್ಕಿದ್ದರು. "ನಿಮ್ಮ ಸಹಿ ನಿಮ್ಮ ಕಾಗದ ಕಾಯಲಿ. ನನ್ನದನ್ನ ಇವನು ಕಾಯ್ತಾನ," ಎಂದು ಆಕೆ ಅಂಗೈಯಲ್ಲಿದ್ದ ಲಿಂಗವನ್ನು ತೋರಿಸಿದ್ದಳು.

ಆಗ ಅವರ ಬೆರಳುಗಳಿಗೆ ಇನ್ನೊಂದು ನೆನಪು ಬಂತು. ರುದ್ರಭೂಮಿಯಲ್ಲಿ ಕುಳಿಯೊಳಗೆ ಆಕೆಯನ್ನು ಕುಳ್ಳಿರಿಸಿದ ಮೇಲೆ, ಅಯ್ಯನವರ ಮಾತಿನಂತೆ ಎಡಗೈಯಲ್ಲಿ ಇಷ್ಟಲಿಂಗವನ್ನು ವಸ್ತ್ರಸಮೇತ ಇಟ್ಟು, ಬೆರಳುಗಳನ್ನು ಒಂದೊಂದಾಗಿ ಮಡಚಿದವರು ಅವರೇ. ವಸ್ತ್ರದೊಳಗೆ ಏನೋ ಬಿರುಸಾಗಿ ತಾಗಿತ್ತು. ಗಂಜಿ ಹಾಕಿದ ಅಂಚೆಂದು ತಿಳಿದು ಹಾಗೆಯೇ ಮಡಚಿದ್ದರು. ಆಮೇಲೆ ವಿಭೂತಿ, ಉಪ್ಪು, ಬಿಲ್ವಪತ್ರೆ, ಮಣ್ಣು.

*

ಅದನ್ನು ಕೇಳಿದ ಕೂಡಲೇ ಜೈನಬ್ ಎದ್ದಳು. ಹಳೆಯ ದಾಸ್ತಾನಿನಿಂದ ಅದೇ ಕಾಗದದ ಎರಡು ತುಂಡು ತಂದು, ಅದೇ ಶಾಯಿಯಿಂದ ಬರೆದು, ಒಂದಕ್ಕೆ ಈರಬಸಪ್ಪನವರ ವಿಭೂತಿ ಗಟ್ಟಿಯನ್ನು ಸವರಿದಳು. ಎರಡನ್ನೂ ಬಿಸಿ ಪೆಟ್ಟಿಗೆಯಲ್ಲಿಟ್ಟಳು. ಹನ್ನೆರಡನೆಯ ದಿನ ತೆಗೆದಾಗ ಸಾದಾ ತುಂಡು ಬೆರಳು ತಾಕಿದರೆ ಒಡೆಯುವಂತಾಗಿತ್ತು. ಇನ್ನೊಂದು ಬೂದಿ ಮೆತ್ತಿಕೊಂಡು ಗಟ್ಟಿಯಾಗಿತ್ತು. ಬೂದಿಯಲ್ಲಿ ಸುಣ್ಣದಂಥ ಗುಣವಿದೆ, ಅದು ಹುಳಿಯನ್ನು ಕೊಲ್ಲುತ್ತದೆ.

"ಅಂದ್ರ ಮಣ್ಣಾಗಿನ ಹಾಳಿ ಛಲೋ ಐತ್ರಿ ಸರ," ಎಂದಳು. "ಮನಿಯಾಗಿದ್ದದ್ದಕ್ಕಿಂತ ಛಲೋ."

ಈರಬಸಪ್ಪನವರಿಗೆ ಅದು ಇನ್ನೂ ಕಷ್ಟದ ಮಾತಾಯಿತು. ಕಾಗದ ಹಾಳಾಗಿದೆ ಎಂದಿದ್ದರೆ ಅಳಬಹುದಿತ್ತು, ಕೈಮುಗಿದು ಹೆಂಗಸರ ಕ್ಷಮೆ ಕೇಳಬಹುದಿತ್ತು. ಈಗ ಅದು ಇದೆ. ಇದ್ದ ಮೇಲೆ ತರಬೇಕು. ತರಬೇಕೆಂದರೆ ತಾವೇ ಮಡಚಿದ ಬೆರಳುಗಳನ್ನು ತಾವೇ ಬಿಚ್ಚಬೇಕು.

ಅವರು ಮೊದಲು ಫಕೀರವ್ವನಿಗೆ ಹೇಳಿದರು. ಆಕೆ ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದಳು. ರಟ್ಟೆ ಸೋತು ರೊಟ್ಟಿಯ ಅಂಚು ಸೀಳುತ್ತಿತ್ತು, ಮತ್ತೆ ಮುದ್ದೆ ಮಾಡಿ ಬಡಿಯುತ್ತಿದ್ದಳು.

"ಅಕ್ಕಾರ್ನ ಎಬ್ಬಸಬ್ಯಾಡ್ರಿ," ಎಂದಳು, ತಲೆ ಎತ್ತದೆ. "ನಾವು ಇನ್ನ ನಾಕು ವರ್ಷ ಬಡೀತೀವಿ. ಅಷ್ಟರಾಗ ನಾವೂ ಅಲ್ಲಿಗೇ ಹೊಕ್ಕೀವಿ, ಆಗ ನಾನ ಕೇಳ್ತೀನಿ ಆಕೀನ. ಎಲ್ಲಿಟ್ಟಿದ್ದೆವಾ ಯಕ್ಕಾ, ನಿನ್ನ ಸಲುವಾಗಿ ನನ್ನ ರಟ್ಟಿ ಬಿದ್ದುಹೋದುವು ಅಂತ ಜಗಳಾ ತಗೀತೀನಿ."

ಹೇಳಿ ತಾನೇ ನಕ್ಕಳು. ಆದರೆ ಬಡಿಯುತ್ತಿದ್ದ ರೊಟ್ಟಿ ಮತ್ತೆ ಸೀಳಿತು. ಈರಬಸಪ್ಪನವರು ಆ ಸೀಳನ್ನು ನೋಡುತ್ತ ನಿಂತರು. ಅಂಚು ಸೀಳಿದ ರೊಟ್ಟಿಯನ್ನು ನಿಂಬೆವ್ವ ಎಂದೂ ಬುಟ್ಟಿಗೆ ಹಾಕಗೊಟ್ಟವಳಲ್ಲ. ಆಕೆಯ ಮೇಲೆ ನಂಬಿಕೆಯಿಟ್ಟ ಹನ್ನೊಂದು ಮಂದಿ ಮುಪ್ಪಿನಲ್ಲಿ ಒಲೆಯ ಮುಂದೆ ಕೂತರೆ, ಮಣ್ಣಿನಲ್ಲಿ ಆಕೆ ಹೇಗೆ ಸುಖವಾಗಿ ಕೂತಾಳು ಎಂದು ಅವರಿಗೆ ಅನ್ನಿಸಿತು.

ಉಪಾಯ ತೋರಿಸಿದವಳು ಜೈನಬ್. ಬಿಚ್ಚಿದರೆ ಒಡೆಯುವ ಹಳೆಯ ಪತ್ರಗಳನ್ನು ಬಿಚ್ಚದೆಯೇ ಓದಲು ಪರೀಕ್ಷಾಲಯದಲ್ಲಿ ಒಂದು ಸೂಜಿಯಿತ್ತು. ಮೊಳಕ್ಕೆ ಮೊಳ ಸೇರಿಸಿ ಎಷ್ಟು ಉದ್ದ ಬೇಕಾದರೂ ಮಾಡಬಹುದು, ದಪ್ಪ ಮಾತ್ರ ದಬ್ಬಣದಷ್ಟು. ತುದಿಯಲ್ಲಿ ಸಾಸಿವೆಗಿಂತ ಸಣ್ಣ ವಜ್ರದ ಕಣ. ಹತ್ತಿರದಲ್ಲಿ ಎಳ್ಳಿನ ಸಾವಿರದಲ್ಲೊಂದು ಪಾಲು ಕಬ್ಬಿಣವಿದ್ದರೂ ಆ ವಜ್ರದೊಳಗಿನ ಬೆಳಕು ಅಲುಗುತ್ತದೆ. ಶಾಯಿಯಲ್ಲಿ ಕಬ್ಬಿಣವಿದೆ. ಮಡಿಕೆಯ ಯಾವ ಪದರದಲ್ಲಿ ಯಾವ ಗೆರೆಯಿದೆ ಎಂಬುದನ್ನು ಬಿಡಿಸಿ ಯಂತ್ರವು ಪರದೆಯ ಮೇಲೆ ಬರೆಯುತ್ತದೆ.

"ಆದ್ರ ನಮ್ಮ ಕೆಂಪು ಮಣ್ಣಿನ್ಯಾಗೂ ಕಬ್ಬಿಣ ಐತ್ರಿ. ಮಣ್ಣಾಗ ಅದು ಕುರುಡು," ಎಂದಳು. "ಬೂದಿ, ಉಪ್ಪು ತುಂಬಿದ ಜಾಗಕ್ಕ ಹೋದ್ರ ಕಣ್ಣು ಕಾಣ್ತೈತಿ. ಕೈ ಎಲ್ಲೈತಿ ಅಂತ ನೀವ ಹೇಳಬೇಕು."

ಉಳಿದದ್ದು ಅಪ್ಪಣೆ. ಕ್ರಿಯೆ ಮಾಡಿಸಿದ ಶಿವಮೂರ್ತಯ್ಯನವರಿಗೆ ತೊಂಬತ್ತರ ಹತ್ತಿರ ವಯಸ್ಸು. ಕಿವಿ ಮಂದ. ಸೂಜಿಯ ವಿಚಾರವನ್ನು ಎರಡು ಸಲ ಹೇಳಿಸಿಕೊಂಡು ಕಣ್ಣು ಮುಚ್ಚಿದರು. ನಿದ್ದೆ ಹೋದರೇನೋ ಎಂದು ಇವರು ಏಳಬೇಕೆನ್ನುವಾಗ ಮಾತನಾಡಿದರು.

"ಕೊಟ್ಟ ಲಿಂಗಕ್ಕ ಕೈ ಹಚ್ಚಬಾರದು. ಮುಚ್ಚಿದ ಕುಳಿ ತಗೀಬಾರದು. ಇದರಾಗ ಎರಡು ಮಾತಿಲ್ಲ. ಆದ್ರ ಗದ್ದಿಗಿ ಮ್ಯಾಲಿನ ಗರಕಿನೂ ಕೆಳಗ ಬೇರು ಬಿಡ್ತೈತಿ. ಅದಕ್ಕ ಯಾರಪಾ ಅಪ್ಪಣೆ ಕೊಟ್ಟಾರು? ಬೇರು ತನಗ ಬೇಕಾದಷ್ಟ ನೀರು ಕುಡೀತೈತಿ, ಹೆಚ್ಚಿಗಿ ಕುಡಿಯೂದಿಲ್ಲ. ನೀನೂ ಅಷ್ಟ ಮಾಡು. ಎಷ್ಟು ಬೇಕೋ ಅಷ್ಟ ತಗೋ. ಒಂದು ಮಾತು ಹೆಚ್ಚಿಗಿ ತಗೊಂಡ್ರ ಅದು ಕಳವು."

"ಐದು ಸಾಕ್ರಿ ಅಯ್ಯನವರ," ಎಂದು ಈರಬಸಪ್ಪನವರು ಅವರ ಪಾದ ಮುಟ್ಟಿದರು. "ನಾಲ್ಕು ಹುಡುಕಾಕ ಯಂತ್ರ ಐತಿ."

*

ರುದ್ರಭೂಮಿಗೆ ಹೋದದ್ದು ಗುರುವಾರ ಬೆಳಿಗ್ಗೆ, ಬಿಸಿಲು ಏರುವ ಮುಂಚೆ. ಜೈನಬ್ ಯಂತ್ರದ ಪೆಟ್ಟಿಗೆ ತಂದಿದ್ದಳು. ಜಾಲದ ಗಾಳಿ ಎಂದೂ ಸೋಕದ ಪೆಟ್ಟಿಗೆ ಅದು. ಫಕೀರವ್ವ ಒಂದು ತಂಬಿಗೆ ನೀರು, ಒಂದು ಬಿಲ್ವದ ಎಲೆ ತಂದು ದೂರ ಕುಳಿತಳು.

"ಎಲ್ಲಿ ಇಳಸೂನ್ರಿ?" ಎಂದು ಜೈನಬ್ ಕೇಳಿದಳು.

ಈರಬಸಪ್ಪನವರು ಗದ್ದಿಗೆಯ ಮುಂದೆ ಪದ್ಮಾಸನ ಹಾಕಿ ಕುಳಿತರು, ಆಕೆಯನ್ನು ಕುಳ್ಳಿರಿಸಿದ ದಿಕ್ಕಿಗೇ ಮುಖ ಮಾಡಿ. ಎಡಗೈಯನ್ನು ಎದೆಯ ಮುಂದೆ ತಂದು ಅಂಗೈ ಮೇಲೆ ಮಾಡಿದರು. ಕುಳಿಯಲ್ಲಿ ತಾವು ಮೊಣಕಾಲೂರಿದ್ದ ಜಾಗ, ಆಕೆಯ ಭುಜ ತಮ್ಮ ಗಲ್ಲಕ್ಕೆ ತಾಗಿದ ಎತ್ತರ, ಎಲ್ಲವನ್ನೂ ನೆನೆದು ಕೈಯನ್ನು ಎರಡು ಬೆರಳಷ್ಟು ಬಲಕ್ಕೆ ಸರಿಸಿದರು. "ಇಲ್ಲಿ," ಎಂದರು. "ಮೂರು ಮೊಳ ಕೆಳಗ."

ಸೂಜಿ ಇಳಿಯಿತು. ಒಂದು ಮೊಳ, ಎರಡು ಮೊಳ. ಪರದೆಯ ಮೇಲೆ ಕೆಂಪು ಮಣ್ಣಿನ ಗದ್ದಲ ಬಿಟ್ಟರೆ ಏನೂ ಇಲ್ಲ. ಮೂರನೆಯ ಮೊಳಕ್ಕೆ ಗದ್ದಲವು ನಿಂತುಹೋಗಿ ಪರದೆ ಬಿಳಿಯಾಯಿತು. ವಿಭೂತಿ. ಜೈನಬ್ ಸೂಜಿಯನ್ನು ಕೂದಲೆಳೆಯಷ್ಟು ಕೂದಲೆಳೆಯಷ್ಟು ಇಳಿಸಿ, ವಸ್ತ್ರಕ್ಕೆ ತಾಗುವ ಮುಂಚೆಯೇ ನಿಲ್ಲಿಸಿದಳು. ಆಮೇಲೆ ಎದ್ದು ಬೆನ್ನು ತಿರುಗಿಸಿ ನಿಂತಳು. ಇನ್ನೊಬ್ಬರ ಕೀಲಿ ಮಾತುಗಳನ್ನು ನೋಡಬಾರದೆಂಬುದು ಅವರ ವೃತ್ತಿಯ ಮರ್ಯಾದೆ.

"ಒಂದೊಂದು ಮಾತು ಪೂರಾ ಆದಾಗ ಸಪ್ಪಳ ಮಾಡ್ತೈತ್ರಿ. ನೀವೊಬ್ಬರ ನೋಡ್ರಿ ಸರ."

ಅವರೊಬ್ಬರೇ ನೋಡಿದರು. ಬಿಳಿಯಲ್ಲಿ ಬೂದು ಗೆರೆಗಳು ಮೂಡಿ, ಕೂಡಿ, ಕಪ್ಪಾದವು. ಹದಿನಾರು, ಎಂಬ ಅಂಕೆ. ಅದರ ಮುಂದೆ: *ನೆರಳು*.

ಮಾತಿಗಿಂತ ಮೊದಲು ಅವರಿಗೆ ಕಂಡದ್ದು ಅಕ್ಷರ. ನಿಂಬೆವ್ವ ನಾಲ್ಕನೆಯ ಇಯತ್ತೆಗೆ ಶಾಲೆ ಬಿಟ್ಟವಳು. ಅವಳ 'ಳ' ಕೊನೆಯಲ್ಲಿ ಒಂದು ಸುತ್ತು ಹೆಚ್ಚಿಗೆ ಸುತ್ತಿಕೊಳ್ಳುತ್ತಿತ್ತು. ಎಷ್ಟು ಸಲ ತಿದ್ದಿದರೂ ಬಿಡಲಿಲ್ಲ. ಸಾಮಾನು ಪಟ್ಟಿಯಲ್ಲಿ ಬೇಳೆಯ 'ಳೆ' ಬಳ್ಳಿಯಂತೆ ಮುಂದಿನ ಸಾಲಿಗೆ ಇಳಿಯುತ್ತಿತ್ತು. ಎಂಟು ತಿಂಗಳಿಂದ ಆ ಮನೆಯಲ್ಲಿ ಆ ಕೈಯಿಂದ ಹೊಸದಾಗಿ ಯಾವ ಅಕ್ಷರವೂ ಬಂದಿರಲಿಲ್ಲ. ಈಗ ಮೂರು ಮೊಳ ಮಣ್ಣಿನ ಕೆಳಗಿನಿಂದ, ತಮಗೊಬ್ಬರಿಗೇ, ಅದು ಬರುತ್ತಿತ್ತು.

ಅವರು ಪೆನ್ಸಿಲಿನಿಂದ ಬರೆದುಕೊಂಡರು. ಪೆನ್ಸಿಲಿನ ಸೀಸ ಕಾಗದವನ್ನು ತಿನ್ನುವುದಿಲ್ಲ. ಇಪ್ಪತ್ತೆರಡು ವರ್ಷಗಳ ಹಿಂದೆ ಅಷ್ಟು ಹೇಳಿದ್ದರೆ ಸಾಕಿತ್ತು.

*ಒರಳು*. *ಹುಣಸೆ*. *ಕವಲು*. ಯಂತ್ರ ಆರಿಸಿದ ಮಾತುಗಳು ಅವು, ಅರ್ಥ ಹುಡುಕಬಾರದು ಎಂದು ತಮಗೆ ತಾವೇ ಹೇಳಿಕೊಂಡರು. ಐದನೆಯ ಸಪ್ಪಳವಾಯಿತು: *ಗೂಡು*. ಅದನ್ನೂ ಬರೆದುಕೊಂಡು ಪೆನ್ಸಿಲನ್ನು ಕೆಳಗಿಟ್ಟರು.

ಪರದೆಯ ಮೇಲೆ ಇಪ್ಪತ್ತೊಂದನೆಯದರ ಗೆರೆಗಳು ಆಗಲೇ ಕೂಡತೊಡಗಿದ್ದವು. ಒಂದು ದುಂಡು, ಅದರ ಕೊನೆಯಲ್ಲಿ ಒಂದು ಬಳ್ಳಿಯ ಸುತ್ತು ಮೂಡುತ್ತಿತ್ತು.

ಜೈನಬ್ ತಿರುಗದೆಯೇ ಕೇಳಿದಳು. "ಐದು ಆದುವಲ್ರಿ? ಇನ್ನೊಂದು ತಗೊಂಡ್ರ ಒಂದು ದಿನದ ಹುಡುಕಾಟ ಮುಕ್ಕಾಲು ನಿಮಿಷದಾಗ ಮುಗೀತೈತಿ ಸರ. ಅದರಾಗ ಏನೈತ್ರಿ, ಹೆಂಗಿದ್ರೂ ಸೂಜಿ ಅಲ್ಲೇ ಐತಿ."

ಈರಬಸಪ್ಪನವರ ಕಣ್ಣು ಆ ಬಳ್ಳಿಯ ಮೇಲಿತ್ತು. ಅವರಿಗೆ ಬೇಕಾದದ್ದು ಮುಕ್ಕಾಲು ನಿಮಿಷವಲ್ಲ. ಆರನೆಯದು, ಏಳನೆಯದು, ಮೇಲಿನ ಹದಿನೈದು, ಹಾಳೆಯ ಅಂಚಿನ ಖಾಲಿ ಜಾಗ, ಎಲ್ಲವನ್ನೂ ನೋಡುತ್ತ ಸಂಜೆಯವರೆಗೆ ಅಲ್ಲಿಯೇ ಕೂತಿರಬಹುದಾಗಿತ್ತು. ಯಾರೂ ನೋಡುತ್ತಿರಲಿಲ್ಲ. ಒಂದು ಮಾತು ಹೆಚ್ಚಾದರೆ ಅಯ್ಯನವರಿಗೆ ಗೊತ್ತಾಗುತ್ತಿರಲಿಲ್ಲ. ಮನೆಗೆ ಹೋದರೆ ಅಲ್ಲಿ ಖಾಲಿ ಮಣೆಯಿತ್ತು.

ಅವರು ಅಂಗೈಯಿಂದ ಪರದೆಯನ್ನು ಮುಚ್ಚಿದರು.

"ತಗಿ ತಂಗಿ," ಎಂದರು. "ಅಷ್ಟ ಸಾಕು. ಉಳಿದದ್ದು ಆಕೀದು."

ಸೂಜಿ ಮೇಲೆ ಬಂತು. ತುದಿಗೆ ಒಂದು ಚಿಟಿಕೆ ಬಿಳಿ ಬೂದಿ ಅಂಟಿತ್ತು. ಜೈನಬ್ ಅದನ್ನು ಒರೆಸಲು ಬಟ್ಟೆ ತೆಗೆದವಳು, ಅವರ ಮುಖ ನೋಡಿ ಸುಮ್ಮನೆ ಸೂಜಿಯನ್ನು ಅವರ ಮುಂದೆ ಹಿಡಿದಳು. ಅವರು ಅದನ್ನು ಬೆರಳಿನಿಂದ ತೆಗೆದು ಹಣೆಗೆ ಹಚ್ಚಿಕೊಂಡರು.

*

ಯಂತ್ರ ಒಂದು ಹಗಲು, ಒಂದು ಇರುಳು ಹುಡುಕಿ ನಾಲ್ಕು ಮಾತುಗಳನ್ನು ಕೊಟ್ಟಿತು. ಅವು ಅಚ್ಚಿನ ಅಕ್ಷರದಲ್ಲಿದ್ದವು. ಹೆಂಗಸರ ಗಂಟು ತೆರೆಯಿತು. ಅದೇ ವಾರ ಈರಬಸಪ್ಪನವರು ತಮ್ಮ ತಪ್ಪನ್ನು ತಮ್ಮ ಹೆಸರಿನಿಂದಲೇ ಬರೆದು ಪರೀಕ್ಷಾಲಯದ ಬಾಗಿಲಿಗೆ ಹಚ್ಚಿಸಿದರು: ಕೀಲಿಹಾಳೆಯನ್ನು ಬಿಚ್ಚಬೇಡಿರಿ, ಹಲಗೆಯ ಮೇಲಿಟ್ಟು ತನ್ನಿರಿ, ಸೀಮೆಸುಣ್ಣದ ಪುಡಿಯಾಗಲಿ ವಿಭೂತಿಯಾಗಲಿ ಮೇಲೆ ಉದುರಿಸಿರಿ, ಹೊಸದನ್ನು ಪೆನ್ಸಿಲಿನಿಂದ ಬರೆಯಿರಿ. ಬಂದವರು ಕೆಲವರು ಬೈದರು, ಕೆಲವರು ಕೈಮುಗಿದರು. ಎಲ್ಲರಿಗೂ ಅವರು ಕೈಮುಗಿದರು.

ಫಕೀರವ್ವ ಒಲೆ ಆರಿಸಿದ ದಿನ ಕಡೆಯ ರೊಟ್ಟಿಯನ್ನು ತಂದುಕೊಟ್ಟಳು. ಅಂಚು ಸೀಳಿರಲಿಲ್ಲ. "ಆರು ಮುರದು ಇದೊಂದು ಸರಿ ಮಾಡೇನ್ರಿ," ಎಂದಳು. "ಅಕ್ಕಾರ ಮುಂದ ಇಟ್ಟು ಬರ್ರಿ. ಜಗಳಾ ಇಲ್ಲ ಅಂತ ಹೇಳ್ರಿ."

ಅವರು ಒಬ್ಬರೇ ರುದ್ರಭೂಮಿಗೆ ಹೋದರು. ರೊಟ್ಟಿಯನ್ನು ಗದ್ದಿಗೆಯ ಮುಂದಿಟ್ಟರು. ಸೂಜಿ ಇಳಿದ ತೂತು ಇನ್ನೂ ಕಾಣುತ್ತಿತ್ತು, ಇರುವೆ ಹೋಗುವಷ್ಟು. ವಿಭೂತಿಯ ಗಟ್ಟಿಯನ್ನು ಕೈಯಲ್ಲಿ ಪುಡಿ ಮಾಡಿ ಸ್ವಲ್ಪ ಸ್ವಲ್ಪವಾಗಿ ಅದರೊಳಗೆ ಬಿಟ್ಟರು. ತುಂಬಲು ಬಹಳ ಹೊತ್ತು ಬೇಕಾಯಿತು. ತುಂಬಿದ ಮೇಲೆ ಬೆರಳಿನಿಂದ ಒತ್ತಿ, ಕಣ್ಣು ಮುಚ್ಚಿ ಕುಳಿತರು.

ಶಿವನೇ, ಈಕೆಯ ಅಂಗೈಯಲ್ಲಿ ನೀನಿದ್ದೀ. ನಾನು ಸಹಿ ಹಾಕಿ ಕೆಡಿಸಿದ್ದನ್ನು ಈಕೆ ನಿನ್ನ ಬೂದಿ ಸವರಿ ಉಳಿಸಿದಳು. ಕೊಟ್ಟ ಮಾತನ್ನು ಮಣ್ಣಿನಲ್ಲಿದ್ದೂ ನಡೆಸಿದಳು. ಇನ್ನು ಈಕೆಯನ್ನು ಯಾರೂ ಏನೂ ಕೇಳುವುದಿಲ್ಲ, ನಾನೂ ಕೇಳುವುದಿಲ್ಲ. ಆ ಬೆರಳುಗಳು ಮಡಚಿದಂತೆಯೇ ಇರಲಿ. ನನ್ನ ದಿನ ಬರುವವರೆಗೆ ನನಗೆ ಆ ಮನೆಯಲ್ಲಿ ಇರುವ ಬಲ ಕೊಡು. ಈಕೆಗೆ ಶಾಂತಿ ಕೊಡು ತಂದೆ, ನಿನ್ನಲ್ಲಿ ಶಾಂತಿ ಕೊಡು.